ಹನ್ನೊಂದು ಕೀಲಿಕೈ

ಅಡುಗೆಮನೆಯ ಬಾಗಿಲ ಪಕ್ಕದ ಹಲಗೆಯಲ್ಲಿ ಹನ್ನೊಂದು ಮೊಳೆ, ಹನ್ನೊಂದು ಕೀಲಿಕೈ. ಎಲ್ಲವೂ ಬೇರೆಯವರ ಮನೆಯವು. ಪುರುಸೊತ್ತಿಲ್ಲದ ಮಾಲೀಕರ ಪರವಾಗಿ ಬಾಡಿಗೆಗೆ ಜನ ಹುಡುಕುವುದು, ಕರಾರುಪತ್ರ ಮಾಡಿಸುವುದು, ಸೋರುವ ನಲ್ಲಿಗೆ ಪ್ಲಂಬರನನ್ನು ಕರೆಸುವುದು ಹದಿನೇಳು ವರ್ಷದಿಂದ ಅತ್ತೆಯ ಕೆಲಸ. ಗಂಡ ತೀರಿಕೊಂಡ ಮೇಲೆ ಮಗನನ್ನು ಓದಿಸಿದ್ದೂ ಇದರಿಂದಲೇ.

ಈಗ ಹೊಸ ಕಾನೂನು ಬಂದಿತ್ತು. ಇನ್ನೊಬ್ಬರ ಬಾಡಿಗೆ ಮನೆ ನೋಡಿಕೊಳ್ಳುವವರು ಪರೀಕ್ಷೆ ಬರೆದು ಲೈಸೆನ್ಸ್ ಪಡೆಯಬೇಕು. ಅರವತ್ತರ ಅತ್ತೆ ಕನ್ನಡಕ ಏರಿಸಿ ಕೂತು ಓದಿ, ಪಾಸೂ ಆದರು. ಉಳಿದದ್ದು ಅರ್ಜಿ. ಸೊಸೆಯ ಅಕ್ಷರ ದುಂಡಗಿದೆಯೆಂದು ಅದು ಅವಳ ಪಾಲಿಗೆ ಬಂತು.

ಒಂಬತ್ತನೇ ಪ್ರಶ್ನೆಗೆ ಪೆನ್ನು ನಿಂತಿತು. 'ಸದ್ಯ ಲೈಸೆನ್ಸ್ ಇಲ್ಲದೆ ಈ ಕೆಲಸ ಮಾಡುತ್ತಿದ್ದೀರಾ?' ಹೌದೆಂದರೆ ಅರ್ಜಿ ತಿರಸ್ಕಾರ.

"ಇಲ್ಲ ಅಂತ ಗೀಚು, ಯಾರು ಬಂದು ನೋಡ್ತಾರೆ?" ಮಗ ಶೂ ಲೇಸು ಕಟ್ಟುತ್ತಲೇ ಹೇಳಿದ.

ಅತ್ತೆ ಹಲಗೆಯ ಕಡೆ ನೋಡಿದರು. "ಇಲ್ಲ ಅಂತಲೇ ಬರಿಯಮ್ಮ. ಆದ್ರೆ ಇವತ್ತು ಬೇಡ, ನಾಳೆ ಬರಿ."

ಮರುದಿನ ಬೆಳಿಗ್ಗೆ ಕೀಲಿಗಳನ್ನೆಲ್ಲ ಚೀಲಕ್ಕೆ ತುಂಬಿಕೊಂಡು ಹೊರಟರು. ಸೊಸೆ ಬಾಗಿಲವರೆಗೆ ಹಿಂದೆಯೇ ಬಂದಳು.

"ವಾಪಸ್ ಕೊಡ್ತೀರಾ ಅತ್ತೆ? ಲೈಸೆನ್ಸ್ ಬರೋಕೆ ಎರಡು ತಿಂಗಳಂತೆ. ಅಷ್ಟರಲ್ಲಿ ಬೇರೆ ಯಾರಿಗಾದ್ರೂ ವಹಿಸಿಬಿಟ್ರೆ?"

"ವಹಿಸಿದ್ರೆ ವಹಿಸ್ಲಿ. ಊರವರ ಮನೆ ಕೀಲಿ ಇಟ್ಕೊಳ್ಳೋಳೇ ಸುಳ್ಳು ಬರೆದ್ರೆ, ಆಮೇಲೆ ಯಾವ ಮುಖ ಹೊತ್ತು ಕೀಲಿ ಕೇಳ್ಲಿ?"

ಸಂಜೆ ಕಾಲೆಳೆಯುತ್ತ ಬಂದರು. ಚೀಲ ಖಾಲಿ. ಒಂದು ಲೋಟ ನೀರು ಗಟಗಟನೆ ಕುಡಿದು, "ಈಗ ಬರಿ" ಎಂದರು.

ಸೊಸೆ ಬರೆದಳು: ಇಲ್ಲ. ತಾನಾಗಿದ್ದರೆ ಅದನ್ನು ನಿನ್ನೆಯೇ ಬರೆದು ಎದ್ದುಬಿಡುತ್ತಿದ್ದೆ ಎಂದು ಅವಳಿಗೆ ಚೆನ್ನಾಗಿ ಗೊತ್ತಿತ್ತು. ಮುಖ ಎತ್ತಲಾಗಲಿಲ್ಲ.

ಆ ಎರಡು ತಿಂಗಳು ಅತ್ತೆ ಕೈಕಟ್ಟಿ ಕೂರಲಾರದೆ ಚಡಪಡಿಸಿದರು. ಸ್ವಂತ ಮನೆಯ ನಲ್ಲಿಗಳನ್ನೇ ದಿನಕ್ಕೆರಡು ಸಲ ತಿರುಗಿಸಿ ನೋಡಿದರು. ಲೈಸೆನ್ಸ್ ಬಂದದ್ದೇ ಅದರ ಪ್ರತಿ ಹಿಡಿದು ಮತ್ತೆ ಮನೆಮನೆ ಹತ್ತಿಳಿದರು. ಏಳು ಕೀಲಿ ಮರಳಿದವು. ನಾಲ್ಕು ಆಗಲೇ ಬೇರೆಯವರ ಪಾಲಾಗಿದ್ದವು.

ಸೊಸೆ ಸುತ್ತಿಗೆ ಹಿಡಿದು ಬಂದಳು. "ಖಾಲಿ ಮೊಳೆ ಕಿತ್ತುಬಿಡ್ಲಾ ಅತ್ತೆ?" ನೋಡಿದರೆ ಅವರಿಗೆ ನೋವಾದೀತೆಂದು ಅವಳ ಲೆಕ್ಕ.

"ಇರ್ಲಿ ಬಿಡೇ, ಅವೇನು ಊಟ ಕೇಳ್ತವಾ?" ಅತ್ತೆ ನಕ್ಕರು. "ಮುಂದಿನ ಪರೀಕ್ಷೆಗೆ ನೀನೂ ಕೂತ್ಕೋ. ನಿನಗೂ ನಾಲ್ಕು ಮೊಳೆ ಬೇಡವಾ?"

ಸೊಸೆ ಸುತ್ತಿಗೆಯನ್ನು ಡಬ್ಬಕ್ಕೆ ಹಾಕಿದಳು.