ಒಂದು ತಿಂಗಳ ವಾಯಿದೆ

ನನಗೆ ಸಿಟ್ಟು ಮೂಗಿನ ತುದಿಯಲ್ಲೇ ಇರುತ್ತದೆ. ಇಲ್ಲದಿದ್ದರೆ ಖುರ್ಷೀದ್ ಬೇಗಂ ಮೇಲೆ ಕೇಸು ಹಾಕುತ್ತಿರಲಿಲ್ಲ. ಕಮಲಾಪುರದ ನನ್ನ ಮನೆಯ ಹಿಂದಿನ ಎರಡು ಕೋಣೆಗಳಲ್ಲಿ ಹದಿನಾಲ್ಕು ವರ್ಷದಿಂದ ಬಾಡಿಗೆಗಿದ್ದ ಹೊಲಿಗೆಯವಳು ಆಕೆ. ಒಂದು ದಿನ ನಾಲ್ಕು ಮಂದಿಯ ಎದುರಿಗೆ, "ನಾಗಣ್ಣಾರ, ಮಾಳಗಿ ಸೋರ್ತದ, ಯಾವಾಗ ರಿಪೇರಿ ಮಾಡಸ್ತೀರಿ?" ಎಂದು ಕೇಳಿದಳು. "ಸೋರಿದ್ರ ಖಾಲಿ ಮಾಡು" ಎಂದೆ. "ಕೋರ್ಟಿಗೆ ಹೋಗ್ರಿ" ಎಂದಳು. ಹೋಗಿಯೇಬಿಟ್ಟೆ. ಮನೆ ಸ್ವಂತ ಉಪಯೋಗಕ್ಕೆ ಬೇಕು ಎಂದು ವಕೀಲ ಕಪಿಲ ಅರ್ಜಿ ಬರೆದ. ಹೆಂಡತಿ ತೀರಿಕೊಂಡು ಆರು ವರ್ಷ, ಮಕ್ಕಳಿಲ್ಲ. ಎಂಥ ಉಪಯೋಗ, ನನ್ನ ತಲೆ!

ಮೂರು ವರ್ಷ, ಕೋರ್ಟಿನಲ್ಲಿ ಪೇಶಿ ಇದ್ದ ದಿನವೆಲ್ಲ ಇಬ್ಬರೂ ಒಂದೇ ಬಸ್ಸಿನಲ್ಲಿ ಕಲಬುರಗಿಗೆ ಹೋಗಿ, ಒಂದೇ ಬಸ್ಸಿನಲ್ಲಿ ಮಾತಿಲ್ಲದೆ ಮರಳುತ್ತಿದ್ದೆವು. ಸಂಜೆ ಗೋಡೆಯಾಚೆ ಆಕೆಯ ಮಷಿನ್ನಿನ ಸದ್ದು ಶುರುವಾದರೇ ನನಗೆ ಊಟ ಸೇರುತ್ತಿತ್ತು. ಆಕೆ ಹೋಗಬಾರದು. ನನಗೆ ಬೇಕಾಗಿದ್ದುದು ಇಷ್ಟೇ. ಕೇಸು ಹಾಕಿದವನು ಅದನ್ನು ಯಾವ ಬಾಯಿಂದ ಹೇಳಲಿ?

ಲೋಕ ಅದಾಲತ್‌ನಲ್ಲಿ ರಾಜಿ ಮಾಡಿಕೊಳ್ಳಿ ಎಂದಾಗ ನನಗೊಂದು ಉಪಾಯ ಹೊಳೆಯಿತು. ಜನ್ಮವಿಡೀ ಬಾಳೆಹಣ್ಣು ಮಾರಿದವನು ನಾನು. ಖುರ್ಷೀದ್ ಬೇಗಂ ಚೌಕಾಶಿ ಮಾಡದೆ ನನ್ನಿಂದ ಒಂದು ಡಜನ್ ಕೆಂಪು ಬಾಳೆ ಒಯ್ದದ್ದಿಲ್ಲ. ನಾನು ಒಂದು ತಿಂಗಳು ಎನ್ನುವುದು, ಆಕೆ ಐದು ವರ್ಷ ಎನ್ನುವುದು, ನಾನು ಗೊಣಗುತ್ತ ನಾಲ್ಕಕ್ಕೆ ಒಪ್ಪುವುದು. ನಾಲ್ಕು ವರ್ಷದ ಮೇಲೆ ಯಾರು ಕೇಳುತ್ತಾರೆ?

"ಖಾಲಿ ಮಾಡಾಕ ಎಷ್ಟು ಟೈಮ್ ಕೊಡ್ತೀರಿ?" ಎಂದರು ಜಡ್ಜ್ ಮೇಡಂ.

"ಒಂದ್ ತಿಂಗಳ್ರೀ" ಎಂದೆ ಗಡುಸಾಗಿ.

ಖುರ್ಷೀದ್ ಬೇಗಂ ನನ್ನ ಮುಖವನ್ನೇ ನೋಡಿದಳು. ಆಮೇಲೆ ಮೇಡಂ ಕಡೆ ತಿರುಗಿ, "ಅಷ್ಟೂ ಬ್ಯಾಡ್ರೀ, ಹದಿನೈದು ದಿನ ಸಾಕು. ಇವರಿಗೆ ನಾ ಇಷ್ಟು ಬ್ಯಾಡಾದ ಮ್ಯಾಲ ಹ್ಯಾಂಗ ಇರಲಿ?" ಎಂದಳು.

ಅಯ್ಯೋ ಶಿವನೇ! "ಇಬ್ಬರಿಗೂ ಮನಸ್ಸಿನಿಂದ ಒಪ್ಪಿಗಿ ಅದನಾ?" ಎಂದು ಮೇಡಂ ಕೇಳಿದರು. ಕಪಿಲ ಖುಷಿಯಿಂದ ನನ್ನ ಬೆನ್ನು ತಟ್ಟಿದ. ಇಲ್ಲ ಎನ್ನಲು ಬಾಯಿ ತೆರೆದೆ, "ಹೌದ್ರೀ" ಎಂದು ಬಂತು. ಸುಡುಗಾಡು ನಾಲಿಗೆ! ಸಹಿ ಮಾಡಿದೆ.

ಹದಿನೈದನೆಯ ದಿನ ಸಾಮಾನು ಒಯ್ಯಲು ಟಂಟಂ ಗಾಡಿ ಬಂತು. ಮಷಿನ್ ಏರಿಸಿದ ಮೇಲೆ ಆಕೆ ಬೀಗದ ಕೈ ತಂದುಕೊಟ್ಟಳು.

"ಬೇಕಾದ್ರ ಇನ್ನೆರಡು ತಿಂಗಳು ಇರ್ರಿ" ಎಂದೆ, ನೆಲ ನೋಡುತ್ತ.

"ಕೋಟನೂರದಾಗ ಮನಿ ಗೊತ್ತ ಮಾಡೀನ್ರೀ. ಅಲ್ಲಾ, ಸ್ವಂತಕ್ಕ ಬೇಕಂತ ಬರಸೀರಲ್ಲ, ಯಾರು ಬರ್ತಾರ್ರೀ?"

"ಬರ್ತಾರ, ನಮ್ಮೋರು."

ಆಕೆಯ ಮುಖ ಅರಳಿತು. "ಚಲೋ ಆಯ್ತ್ ನೋಡ್ರಿ. ನೀವೊಬ್ಬರೇ ಇರೋದು ನೋಡಿ ಜೀವಕ್ಕ ಕೆಟ್ಟ ಅನಸ್ತಿತ್ತು. ಬರೋರಿಗೆ ಅಂತ ಕೊಡದಾಗ ಕುಡಿಯೋ ನೀರು ತುಂಬಿಟ್ಟೀನಿ."

ಟಂಟಂ ರಸ್ತೆಯ ತಿರುವು ದಾಟುವವರೆಗೆ ನಿಂತಿದ್ದೆ. ಆಮೇಲೆ ಒಳಗೆ ಹೋದೆ. ಕೋಣೆ ಗುಡಿಸಿ ಸಾರಿಸಿದ್ದಳು. ಮಷಿನ್ ಇದ್ದ ಜಾಗದಲ್ಲಿ ನಾಲ್ಕು ಗುರುತು. ಕೊಡದ ಮೇಲೆ ಲೋಟ ಬೋರಲು ಹಾಕಿ ಇಟ್ಟಿದ್ದಳು.

ಅಲ್ಲೇ ಕೂತು ಆ ನೀರನ್ನು ನಾನೇ ಕುಡಿದೆ.