ರಾಜಕುಮಾರಿಯ ಉಡಿ

ಆಸ್ಪತ್ರೆಯ ಅಂಗಳದಲ್ಲಿ ಉಡಿಯ ತಟ್ಟೆ ಹಿಡಿದು ನಿಂತಿದ್ದ ಕಸ್ತೂರಿಬಾಯಿಯ ಎದೆ ಧಸಕ್ಕೆಂದಿತು. ಡಾಕ್ಟರಬಾಯಿ ಮೈಕಿನಲ್ಲಿ ಹೇಳುತ್ತಿದ್ದ ಹಿಂದಿ ಅವಳಿಗೆ ಚೆನ್ನಾಗಿಯೇ ತಿಳಿದಿತ್ತು. ಅರಬ್ ನಾಡಿನಿಂದ ಬಂದ ಈ ರಾಜಕುಮಾರಿ ಚಿಕ್ಕ ವಯಸ್ಸಿಗೇ ಗಂಡನನ್ನು ಕಳೆದುಕೊಂಡವರು. ಇದ್ದೊಬ್ಬ ಮಗಳೂ ಹೆರಿಗೆಯಲ್ಲಿ ತೀರಿಕೊಂಡಳು. ಅಂದಿನಿಂದ ಮೈಮೇಲಿನ ಒಡವೆ ಮಾರಿ ಪರದೇಶದ ಊರುಗಳಲ್ಲೂ ಹೆರಿಗೆ ವಾರ್ಡು ಕಟ್ಟಿಸುತ್ತಿದ್ದಾರೆ. ಹೋದ ವರ್ಷ ನಾಸಿಕದಲ್ಲಿ ಒಂದಾಯಿತು, ಈಗ ಔರಂಗಾಬಾದಿನಲ್ಲಿ ಇದು.

ಜನ ಚಪ್ಪಾಳೆ ತಟ್ಟಿದರು. ಕಸ್ತೂರಿಯ ಕಿವಿಯಲ್ಲಿ ಉಳಿದದ್ದು ಗಂಡನಿಲ್ಲ ಎಂಬುದೊಂದೇ.

ಬಂದವರಿಗೆ ಉಡಿ ತುಂಬಿ ಸತ್ಕಾರ ಮಾಡೋಣ ಎಂದು ಸಾಹೇಬರ ಮುಂದೆ ಹೇಳಿ ಭೇಷ್ ಅನ್ನಿಸಿಕೊಂಡವನು ಅವಳ ಗಂಡ, ಆಸ್ಪತ್ರೆಯ ಗುಮಾಸ್ತ ವಿಶ್ವನಾಥಪ್ಪ. ತೆಂಗಿನಕಾಯಿ, ರವಿಕೆಯ ಖಣ, ಅಕ್ಕಿ, ಕುಂಕುಮ ಎಲ್ಲವನ್ನೂ ಅಚ್ಚುಕಟ್ಟಾಗಿ ಹೊಂದಿಸಿದ ಮಹಾರಾಯ, ಆಕೆ ಮುತ್ತೈದೆಯೋ ಅಲ್ಲವೋ ಎಂದು ಕೇಳುವುದನ್ನು ಮಾತ್ರ ಮರೆತಿದ್ದ. ರಾಜಕುಮಾರಿಗೂ ಗಂಡ ಸತ್ತಿರಬಹುದೆಂದು ಪಾಪ, ಅವನಿಗೆ ಹೇಗೆ ಹೊಳೆಯಬೇಕು?

ಕಸ್ತೂರಿಗೆ ಏಳು ತಿಂಗಳು. ಬೀದರಿನಿಂದ ಇಲ್ಲಿಗೆ ಬಂದ ಮೇಲೆ ಎರಡು ಕೂಸುಗಳನ್ನು ಈ ಊರಿನ ಮಣ್ಣಿಗೆ ಕೊಟ್ಟವಳು. ಮಾವ ತೀರಿದಾಗಿನಿಂದ ಅತ್ತೆ ಈರಮ್ಮ, ಸೊಸೆ ಹೊರಗೆ ಹೊರಟರೆ ಎದುರಿಗೆ ಬರುತ್ತಿರಲಿಲ್ಲ. ಹೋದ ವಾರ ಸೊಸೆಯ ಸೀಮಂತದಲ್ಲಿ ಕುಬುಸದ ಹಾಡು ಮುಗಿಯುವ ತನಕ ಅಡುಗೆಮನೆ ಬಿಟ್ಟು ಹೊರಬಂದಿರಲಿಲ್ಲ. "ನನ್ನ ನೆಳ್ಳು ಕೂಸಿನ ಮ್ಯಾಲ ಬೀಳೋದು ಬ್ಯಾಡವ್ವ" ಎಂದಿದ್ದಳು. ಹಾಗೇನಿಲ್ಲ ಎಂದು ಬಾಯಲ್ಲಿ ಹೇಳಿದರೂ ಕಸ್ತೂರಿಗೆ ಒಳಗೊಳಗೆ ನಿರಾಳವಾಗಿತ್ತು. ಆಮೇಲೆ ಅದಕ್ಕಾಗಿ ನಾಚಿಕೆಯೂ ಆಗಿತ್ತು.

"ನಡಿ, ಯಾಕ ನಿಂತಿ?" ವಿಶ್ವನಾಥಪ್ಪ ಪಿಸುಗುಟ್ಟಿದ.

"ಆಕಿಗಿ ಗಂಡ ಇಲ್ಲಂತ್ರೀ."

ಅವನ ಮುಖ ಬಿಳಿಚಿಕೊಂಡಿತು. ಒಮ್ಮೆ ಸಾಹೇಬರ ಕಡೆ ನೋಡಿದ, ಒಮ್ಮೆ ಹೆಂಡತಿಯ ಹೊಟ್ಟೆಯ ಕಡೆ. "ಬ್ಯಾಡ ಬಿಡು. ತಿರುಗಿ ನಡಿ. ಸಾಹೇಬರಿಗೆ ನಾ ಏನರೆ ಹೇಳ್ತೀನಿ."

ಅಷ್ಟರಲ್ಲಿ ರಾಜಕುಮಾರಿಯೇ ಎದ್ದು ಬಂದಿದ್ದಳು. ಕಪ್ಪು ನಿಲುವಂಗಿಯ ಮೇಲೆ ಕಪ್ಪು ಶಾಲು ಹೊದ್ದ, ಮಂಡಿ ನೋವಿಗೆ ಕುಂಟುತ್ತಿದ್ದ ದಪ್ಪ ಹೆಂಗಸು. ಅವಳ ಕಣ್ಣು ತಟ್ಟೆಯನ್ನು ಬಿಟ್ಟು ಕಸ್ತೂರಿಯ ಹೊಟ್ಟೆಯ ಮೇಲೆ ನಿಂತಿತು. ಮುಟ್ಟಲೆಂದು ಕೈ ಮುಂದೆ ಬಂತು. ಏನು ನೆನಪಾಯಿತೋ, ಗಕ್ಕನೆ ಕೈ ಹಿಂದಕ್ಕೆಳೆದುಕೊಂಡು ಶಾಲಿನೊಳಗೆ ಬಚ್ಚಿಟ್ಟುಕೊಂಡಳು. ಥೇಟ್ ಈರಮ್ಮನ ಹಾಗೆ.

ಕಸ್ತೂರಿ ತಿರುಗಲಿಲ್ಲ. "ಉಡಿ ಒಡ್ಡಲಿಕ್ಕ ಹೇಳ್ರಿ" ಎಂದು ಗಂಡನಿಗೆ ಹೇಳಿದಳು. ಅವನು ಹೇಳಿದ್ದನ್ನು ಡಾಕ್ಟರಬಾಯಿ ತಿಳಿಸಿದ ಮೇಲೆ ರಾಜಕುಮಾರಿ ಶಾಲಿನ ಅಂಚನ್ನು ಎರಡೂ ಕೈಯಲ್ಲಿ ಹಿಡಿದು ಒಡ್ಡಿದಳು. ಕಸ್ತೂರಿ ಅಕ್ಕಿ ಸುರಿಯುವಾಗ ಹೊಟ್ಟೆ ಕಲ್ಲಿನಂತೆ ಬಿಗಿಯಿತು. ತುಂಬಿಸಿಕೊಂಡವರು ಒಂದಿಷ್ಟು ಅಕ್ಕಿ ತಟ್ಟೆಗೆ ತಿರುಗಿ ಹಾಕಬೇಕು ಎಂದು ಸನ್ನೆ ಮಾಡಿ ತೋರಿಸಿದಳು. ರಾಜಕುಮಾರಿ ಬೊಗಸೆ ತುಂಬ ಹಾಕಿದಳು.

ರಾಜಕುಮಾರಿ ಹಾಕಿದ ಅಕ್ಕಿಯ ತಟ್ಟೆಯೊಂದಿಗೆ ಗಂಡ ಹೆಂಡತಿ ಟಾಂಗಾ ಹತ್ತಿದರು. ಕಸ್ತೂರಿ ಹೊಟ್ಟೆಯ ಮೇಲಿಟ್ಟ ಕೈ ತೆಗೆಯಲಿಲ್ಲ. ಮನೆ ಹತ್ತಿರ ಬಂದಾಗ ಕೂಸು ಒದ್ದಂತಾಯಿತು. ಹೌದೋ, ಟಾಂಗಾ ಕುಲುಕಿದ್ದೋ ತಿಳಿಯಲಿಲ್ಲ.

ವಿಶ್ವನಾಥಪ್ಪ ಅವಳನ್ನು ಇಳಿಸಿ ಆಸ್ಪತ್ರೆಗೆ ಮರಳಿದ. ಈರಮ್ಮ ಒಲೆಯ ಮುಂದಿದ್ದಳು.

"ಅತ್ತಿ, ಉಡಿ ಒಡ್ರಿ."

"ಹುಚ್ಚೀ, ನಾ ಒಡ್ಡಬಾರದು."

"ರಾಜಕುಮಾರಿಗೂ ಗಂಡ ಇಲ್ಲ, ಅತ್ತಿ. ಆಕಿ ಒಡ್ಡಿದಳು. ನನಗ ಹೆರಿಗಿ ಅಂಜಿಕಿ ಬಂದದ, ನೀವು ನನ್ನ ಹತ್ರ ಬರ್ರಿ."

ಈರಮ್ಮ ತಟ್ಟೆಯನ್ನೇ ನೋಡುತ್ತ ಕೂತಳು. ಆಮೇಲೆ ಎದ್ದು ಹೋಗಿ ಬೀದಿಯ ಕಡೆ ಇಣುಕಿ, ಬಾಗಿಲಿಗೆ ಚಿಲಕ ಹಾಕಿ ಬಂದು ಸೆರಗು ಹಿಡಿದಳು. ಕಸ್ತೂರಿ ಸುರಿಯುವಾಗ ಸೆರಗು ಜಾರಿ ಅರ್ಧ ಅಕ್ಕಿ ನೆಲಕ್ಕೆ ಬಿತ್ತು. ಈರಮ್ಮ ಅಲ್ಲೇ ಕೂತು ಒಂದೊಂದೇ ಕಾಳು ಆರಿಸಿ ಸೆರಗಿಗೆ ಹಾಕಿಕೊಳ್ಳತೊಡಗಿದಳು.