ಹುಳುಮನೆಗೆ ಬಂದ ಸಿನಿಮಾ

ರೇಷ್ಮೆಹುಳ ಹಣ್ಣಾಗಿ ಗೂಡು ಕಟ್ಟುವ ವಾರದಲ್ಲಿ ಮರಳವಾಡಿಯ ನಮ್ಮ ಹುಳುಮನೆಗೆ ಹೊರಗಿನವರ ನೆರಳೂ ಬೀಳಬಾರದು. ನೆಂಟರು ಬಂದರೂ ಜಗುಲಿಯಲ್ಲೇ ಕೂರಿಸುತ್ತೇವೆ. ಅಲ್ಪ ಘಾಟಿಗೂ ಸಾಯುವ ಜೀವ ಅವು. ಅಂಥ ವಾರದಲ್ಲೇ ದೀಪು ಎಂಬ ಮಹಾಶಯ ಬೆಂಗಳೂರಿನಿಂದ ಕ್ಯಾಮೆರಾ ಹೊತ್ತು ವಕ್ಕರಿಸಿದ. ಕಥೆಯಿಲ್ಲ, ಹಾಡಿಲ್ಲ, ಅವನದು ಪ್ರಯೋಗದ ಸಿನಿಮಾವಂತೆ. ಬ್ರಿಟಿಷರು ಹೋದರೂ ಬೆಂಗಳೂರಿನಲ್ಲಿ ಅವರ ದರ್ಬಾರು ಹೇಗೆ ಉಳಿದಿದೆ, ಆ ಊರು ಹಳ್ಳಿಗಳನ್ನು ಹೇಗೆ ನುಂಗುತ್ತಿದೆ ಅಂತ ತೋರಿಸುತ್ತಾನಂತೆ. ದುಡ್ಡು ಹಾಕಿದವರು ಯಾರಪ್ಪಾ ಅಂದರೆ ಲಂಡನ್ನಿನವರು! ಥೂ.

ಹಾರೋಹಳ್ಳಿ ಕಡೆಯಿಂದ ಫ್ಯಾಕ್ಟರಿಗಳು ನಮ್ಮ ಹೊಲದ ಬದುವಿಗೇ ಬಂದಿದ್ದವು. ನನ್ನ ಗಂಡ ಮಾಯಣ್ಣನಿಗೆ ಹೊಲ ಮಾರುವ ಚಪಲ. ಈ ಸಲದ ಹುಳದ ಬೆಳೆ ಗೆದ್ದರೆ ಮಾರುವ ಮಾತೆತ್ತಕೂಡದು, ಸೋತರೆ ನಿನ್ನಿಷ್ಟ ಅಂತ ನಾನೇ ಪಂಥ ಕಟ್ಟಿದ್ದೆ.

"ಅಂಬಮ್ಮನವರೇ, ಹುಳದ್ದು ಒಂದೇ ಶಾಟ್" ಎಂದ ದೀಪು.

"ಹೊಲದ್ದು ಎಷ್ಟಾರ ತಕ್ಕೊ. ಒಳಕ್ ಮಾತ್ರ ಬುಡಲ್ಲ."

ಹೊಲದಿಂದ ಹಿಪ್ಪುನೇರಳೆ ಸೊಪ್ಪು ಕೊಯ್ದು ಬರುವಷ್ಟರಲ್ಲಿ ಕೆಲಸ ಕೆಟ್ಟಿತ್ತು. ಹುಳುಮನೆಯೊಳಗೆ ನಮ್ಮ ಮಾಯಣ್ಣ ಮಹಾರಾಯ ಹೊಸ ಶರ್ಟ್ ಹಾಕಿಕೊಂಡು, ಕ್ಯಾಮೆರಾ ಮುಂದೆ ನಗುತ್ತಾ ಹುಳಕ್ಕೆ ಸೊಪ್ಪು ಉದುರಿಸುತ್ತಿದ್ದ. ಆ ದೀಪು ಅಲ್ಲೇ ನಿಂತು ಕೈಕಾಲಿಗೆಲ್ಲ ಬುಸ್ ಬುಸ್ ಅಂತ ಸೊಳ್ಳೆ ಔಷಧಿ ಹೊಡೆದುಕೊಳ್ಳುತ್ತಿದ್ದ.

"ಅಯ್ಯೋ, ಯಾರನ್ ಕೇಳಿ ಬುಟ್ಟೆ ಇವ್ನ ಒಳಕ್ಕೆ?" ಎಂದು ಗಂಡನ ಮೇಲೆ ಕಿರುಚಿದೆ.

"ಸಿನಿಮಾ ಕಣಮ್ಮಿ, ಒಸಿ ಸುಮ್ಕಿರು" ಎಂದ.

ಸಂಜೆಗೆಲ್ಲ ಹುಳುಗಳು ತಲೆಯೆತ್ತಿ ಒದ್ದಾಡಿ, ಹಸಿರು ನೀರು ಕಾರಿಕೊಂಡು ಸತ್ತವು. ನಾನು ಎದೆ ಬಡಿದುಕೊಂಡು ಅತ್ತೆ. ಆ ಮುಂಡೇಗಂಡ ದೀಪು ಅದನ್ನೂ ಕ್ಯಾಮೆರಾದಲ್ಲಿ ಹಿಡಿದ. ತಿಂಗಳೊಳಗೆ ಮಾಯಣ್ಣ ಹೊಲ ಮಾರಿ ರುಜು ಹಾಕಿ ಬಂದ, ಫ್ಯಾಕ್ಟರಿಯವರು ಹಿಪ್ಪುನೇರಳೆಯನ್ನೆಲ್ಲ ಬುಲ್ಡೋಜರಿನಲ್ಲಿ ಕಿತ್ತರು.

ಮಾರನೇ ವರ್ಷ ಸಿನಿಮಾ ನೋಡಲು ನಮ್ಮನ್ನು ಬೆಂಗಳೂರಿಗೆ ಕರೆಸಿದರು. ಪರದೆಯ ಮೇಲೆ ಒಂದು ಸಲ ಬ್ರಿಟಿಷರ ಕಾಲದ ಬಂಗಲೆ, ಒಂದು ಸಲ ನಮ್ಮ ಹೊಲ, ಆಮೇಲೆ ಒದ್ದಾಡುವ ಹುಳ. ಮುಗಿದ ಮೇಲೆ ದೀಪು ಮೈಕ್ ಹಿಡಿದು, ವಸಾಹತುಶಾಹಿಯ ವಿಷ ಇನ್ನೂ ನಮ್ಮ ಹಳ್ಳಿಗಳನ್ನು ಕೊಲ್ಲುತ್ತಿದೆ ಎಂದ. ನನಗೆ ಮೈಯೆಲ್ಲ ಉರಿದುಹೋಯಿತು. ಎದ್ದು ನಿಂತೆ.

"ಯಾವ ಶಾಹಿನೂ ಅಲ್ಲ ಕಣಪ್ಪ! ನೀನ್ ಹೊಡ್ಕಂಡ್ಯಲ್ಲ ಸೊಳ್ಳೆ ಔಸ್ದಿ, ಅದ್ರಿಂದ ಸತ್ತಿದ್ದು!"

ಸಭೆಯೆಲ್ಲ ಚಪ್ಪಾಳೆ ತಟ್ಟಿತು. ನಾಚಿಕೆಗೆಟ್ಟವನು, ಅವನೂ ತಟ್ಟಿದ.

ವಾಪಸ್ ಬರುವಾಗ ಬಸ್ಸಿನಲ್ಲಿ ಮಾಯಣ್ಣ ಮುಖ ಊದಿಸಿಕೊಂಡು ಕೂತಿದ್ದ. ಪಶ್ಚಾತ್ತಾಪವಿರಬೇಕು ಅಂದುಕೊಂಡೆ.

"ಅಲ್ಲಮ್ಮಿ, ಅಷ್ಟೊತ್ತು ತಗುದ್ರು, ನನ್ನ ಒಂದ್ಸಲನೂ ತೋರಿಸ್ನಿಲ್ವಲ್ಲ?"

"ನಿನ್ ಹೊಲ ತೋರಿಸವ್ರಲ್ಲ, ಕಣ್ತುಂಬ ನೋಡ್ಕಂಡ್ಯಾ?" ಎಂದೆ. "ಇನ್ಮೇಲೆ ಅದ್ನ ನೋಡ್ಬೇಕಂದ್ರೆ ಅವ್ನ ಸಿನಿಮಾಕ್ಕೇ ಹೋಗ್ಬೇಕು."